ಗೆಣಸು-ಕೈಮ ಕ್ಯಾಸರೋಲ್: ಒಂದು ಟ್ರೇ, ಮೂರು ಪಾಠ



ಕ್ಯಾಸರೋಲ್ ಎಂದ ಕೂಡಲೇ ನಮ್ಮಲ್ಲಿ ಬಹುತೇಕರಿಗೆ ನೆನಪಾಗುವುದು ಚಪಾತಿ ಬಿಸಿಯಾಗಿಡುವ ಡಬ್ಬಿ. ಮದುವೆಗೆ ಉಡುಗೊರೆಯಾಗಿ ನಾಲ್ಕೈದು ಬಂದು, ಎರಡು ಅಟ್ಟ ಸೇರಿ, ಒಂದು ಮಸ್ಕತ್‌ವರೆಗೂ ಬಂದಿರುವ ಅದೇ ಡಬ್ಬಿ! ಮೂಲ ಫ್ರೆಂಚಿನಲ್ಲಿ ಆ ಪದಕ್ಕೆ ಹಿಡಿ ಇರುವ ಅಡುಗೆ ಪಾತ್ರೆ ಎಂದರ್ಥ. ಇಂಗ್ಲಿಷ್ ಬಲ್ಲ ದೇಶಗಳಲ್ಲಿ ಓವನ್ನಿನಲ್ಲಿ ಬೇಯಿಸಿ, ಬೇಯಿಸಿದ ಪಾತ್ರೆಯಿಂದಲೇ ಬಡಿಸುವ ಅಡುಗೆಗೂ ಅದೇ ಹೆಸರು ನಿಂತಿತು. ಈ ಸಂಚಿಕೆಯಲ್ಲಿ ನಾನು ಹೇಳಹೊರಟಿರುವುದು ಆ ಅಡುಗೆಯ ಬಗ್ಗೆ: ಕೆಳಗೆ ಕೈಮ, ಮೇಲೆ ಗೆಣಸು.

ಇದಕ್ಕೆ ಇಬ್ಬರು ಹಿರಿಯರಿದ್ದಾರೆ. ಒಂದು, ಬ್ರಿಟಿಷರ ಶೆಫರ್ಡ್ಸ್ ಪೈ. ಅದರಲ್ಲಿ ಕುರಿಮಾಂಸದ ಕೈಮದ ಮೇಲೆ ಬೇಯಿಸಿ ಮಸೆದ ಆಲೂಗಡ್ಡೆ. ಇನ್ನೊಂದು, ಅಮೆರಿಕನ್ನರು ಥ್ಯಾಂಕ್ಸ್‌ಗಿವಿಂಗ್ ಹಬ್ಬಕ್ಕೆ ಮಾಡುವ ಗೆಣಸಿನ ಕ್ಯಾಸರೋಲ್. ಅದಕ್ಕೆ ಬೆಣ್ಣೆ, ಕಂದು ಸಕ್ಕರೆ, ಸಾಲದೆಂದು ಮೇಲೆ ಮಾರ್ಷ್‌ಮ್ಯಾಲೋ! ಇವೆರಡೂ ಸೇರಿ ಹುಟ್ಟಿದ ಗೆಣಸು-ಕೈಮ ಕ್ಯಾಸರೋಲ್ ಈಗ ಗಲ್ಫಿನ ನಮ್ಮ ಮನೆಗಳಿಗೂ ಬಂದಿದೆ. ಆಫೀಸಿನ ಪಾಟ್‌ಲಕ್‌ಗಳಲ್ಲಿ, ಮಕ್ಕಳ ಹುಟ್ಟುಹಬ್ಬಗಳಲ್ಲಿ ಇದನ್ನು ನೀವೂ ನೋಡಿರುತ್ತೀರಿ. ಬಡಿಸುವವರು ತಪ್ಪದೆ ಸೇರಿಸುವ ಮಾತೊಂದಿದೆ: "ಇದು ಹೆಲ್ದಿ ಕಣ್ರೀ, ಆಲೂಗಡ್ಡೆ ಅಲ್ಲ, ಸ್ವೀಟ್ ಪೊಟ್ಯಾಟೊ!"

ಆ ಒಂದು ಮಾತನ್ನು ಪರೀಕ್ಷೆಗೆ ಒಡ್ಡುವುದೇ ಈ ಲೇಖನದ ಉದ್ದೇಶ.

ಇದೆಲ್ಲ ಯಾಕೆ ಬೇಕು?

ವೃತ್ತಿಯಲ್ಲಿ ನಾನು ಸಾಫ್ಟ್‌ವೇರ್ ಇಂಜಿನಿಯರ್, ವೈದ್ಯನೂ ಅಲ್ಲ, ಆಹಾರ ತಜ್ಞನೂ ಅಲ್ಲ. ಆದರೆ ನನಗೊಂದು ಕಾರಣವಿದೆ. ನಮ್ಮ ತಂದೆಯವರಿಗೆ ನಲವತ್ತೆರಡನೇ ವಯಸ್ಸಿಗೆ ಸಕ್ಕರೆ ಕಾಯಿಲೆ ಬಂತು. ಕಳೆದ ವರ್ಷ ಕಂಪೆನಿಯ ವಾರ್ಷಿಕ ತಪಾಸಣೆಯಲ್ಲಿ ನನ್ನ ಎಚ್‌ಬಿಎ1ಸಿ 6.1 ಬಂತು. ನನಗೀಗ ಮೂವತ್ತೇಳು. 5.7ರಿಂದ 6.4ರವರೆಗೆ ಇದ್ದರೆ ಅದು ಮಧುಮೇಹದ ಹೊಸ್ತಿಲು, 6.5 ಮುಟ್ಟಿದರೆ ಒಳಗೆ ಕಾಲಿಟ್ಟ ಹಾಗೆ. ಹೊಸ್ತಿಲಿನಿಂದ ಹಿಂದಕ್ಕೆ ಬರಬಹುದು ಎಂದು ಡಾಕ್ಟರ್ ಹೇಳಿದರು. ಊಟ, ನಡಿಗೆ, ತೂಕ, ಈ ಮೂರೇ ದಾರಿ.

ಇದು ನನ್ನೊಬ್ಬನ ಕಥೆಯಲ್ಲ. ಐಸಿಎಂಆರ್-ಇಂಡಿಯಾಬ್ ಅಧ್ಯಯನ 2023ರಲ್ಲಿ ಪ್ರಕಟಿಸಿದ ಅಂದಾಜಿನಂತೆ ಭಾರತದಲ್ಲಿ ಸುಮಾರು 10 ಕೋಟಿ 10 ಲಕ್ಷ ಜನರಿಗೆ ಮಧುಮೇಹವಿದೆ. ಇನ್ನೂ 13 ಕೋಟಿ 60 ಲಕ್ಷ ಜನ ಅದರ ಹೊಸ್ತಿಲಲ್ಲಿದ್ದಾರೆ. ನಮ್ಮ ಕಡೆಯವರಿಗೆ ಈ ಕಾಯಿಲೆ ಯುರೋಪಿನವರಿಗಿಂತ ಚಿಕ್ಕ ವಯಸ್ಸಿನಲ್ಲಿ, ಅಷ್ಟೇನೂ ದಪ್ಪ ಇಲ್ಲದಿದ್ದರೂ ಬರುತ್ತದೆ ಎಂಬುದು ವೈದ್ಯಲೋಕಕ್ಕೆ ಗೊತ್ತಿರುವ ಸಂಗತಿ. ಅದರ ಮೇಲೆ ನಮ್ಮ ಇಲ್ಲಿಯ ಬದುಕು ನೋಡಿ: ಮನೆಯಿಂದ ಲಿಫ್ಟು, ಲಿಫ್ಟಿನಿಂದ ಕಾರು, ಕಾರಿನಿಂದ ಆಫೀಸಿನ ಕುರ್ಚಿ. ಮೇ ತಿಂಗಳಿಂದ ಸೆಪ್ಟೆಂಬರ್‌ವರೆಗೆ ಹೊರಗೆ ನಡೆಯೋಣವೆಂದರೆ ಬಿಸಿಲು ಬಿಡುವುದಿಲ್ಲ. ಹಾಗಾಗಿ ನಮ್ಮ ಕೈಯಲ್ಲಿ ಹೆಚ್ಚಾಗಿ ಉಳಿಯುವುದು ತಟ್ಟೆಯೊಂದೇ.

ಕ್ಯಾಸರೋಲನ್ನೇ ಆರಿಸಿದ್ದಕ್ಕೆ ಕಾರಣ ನನ್ನ ಮಕ್ಕಳು. ಅವರು ತಕರಾರಿಲ್ಲದೆ ತಿನ್ನುವ ಬೆರಳೆಣಿಕೆಯ ಅಡುಗೆಗಳಲ್ಲಿ ಇದೂ ಒಂದು. ಮಕ್ಕಳಿಗೊಂದು ಅಡುಗೆ, ಅಪ್ಪನಿಗೊಂದು ಪಥ್ಯ ಎಂದು ಎರಡು ಒಲೆ ಹೂಡುವುದು ಕೆಲಸಕ್ಕೆ ಹೋಗುವ ಗಂಡ ಹೆಂಡಿರಿಗೆ ಆಗುವ ಮಾತಲ್ಲ. ಒಂದೇ ಟ್ರೇ ಎಲ್ಲರಿಗೂ ಆಗಬೇಕು.

ಮೊದಲ ಪಾಠ: ಗೆಣಸು

ಗೆಣಸು ನಮಗೆ ಹೊಸದಲ್ಲ. ಸಂಕ್ರಾಂತಿಯ ದಿನ ಹಳೇ ಮೈಸೂರು ಕಡೆ ಬೇಯಿಸಿದ ಗೆಣಸು, ಅವರೆಕಾಯಿ, ಕಡಲೆಕಾಯಿ ಇಲ್ಲದ ಮನೆಯಿಲ್ಲ. ಬೆಳಗಾವಿ ಸುತ್ತಮುತ್ತ ಅದನ್ನು ಹೇರಳವಾಗಿ ಬೆಳೆಯುತ್ತಾರೆ. ಇಲ್ಲಿ ಒಮಾನಿನಲ್ಲೂ ಅದು ಬೆಳೆಯುತ್ತದೆ. ಒಮಾನಿಗಳು ಅದನ್ನು ಫಿಂದಾಲ್ ಎನ್ನುತ್ತಾರೆ. ಉಳಿದ ಅರಬರ ಬಾಯಲ್ಲಿ ಅದು ಬಟಾಟಾ ಹಿಲ್ವಾ, ಅಂದರೆ ಸಿಹಿ ಆಲೂಗಡ್ಡೆ.

ಹೆಸರಿನಲ್ಲಿ ಏನೇ ಇರಲಿ, ಆಲೂಗಡ್ಡೆಗೂ ಗೆಣಸಿಗೂ ಹತ್ತಿರದ ಸಂಬಂಧವಿಲ್ಲ. ಆಲೂಗಡ್ಡೆ ಬದನೆ, ಟೊಮೇಟೊ ಕುಟುಂಬದ್ದು. ಗೆಣಸಿನ ಹೂವನ್ನು ನೋಡಿದವರಿಗೆ ಗೊತ್ತು, ಅದು ಬೆಳಗಿನ ಹೊತ್ತು ಅರಳುವ ಕಹಳೆ ಹೂಬಳ್ಳಿಗಳ ಕುಟುಂಬಕ್ಕೆ ಸೇರಿದ್ದು. ಎರಡೂ ಅಮೆರಿಕ ಖಂಡದಿಂದ ಬಂದವು, ಅಷ್ಟೇ ಹೋಲಿಕೆ.

ಈಗ 100 ಗ್ರಾಂ ಹಸಿ ಗಡ್ಡೆಯ ಲೆಕ್ಕ ನೋಡೋಣ:

ಆಲೂಗಡ್ಡೆ: 77 ಕ್ಯಾಲೊರಿ, ಶರ್ಕರಪಿಷ್ಟ 17.5 ಗ್ರಾಂ, ನಾರು ಸುಮಾರು 2 ಗ್ರಾಂ, ವಿಟಮಿನ್ ಎ ಇಲ್ಲವೆಂದೇ ಹೇಳಬೇಕು.

ಕಿತ್ತಳೆ ಗೆಣಸು: 86 ಕ್ಯಾಲೊರಿ, ಶರ್ಕರಪಿಷ್ಟ 20 ಗ್ರಾಂ, ನಾರು 3 ಗ್ರಾಂ, ವಿಟಮಿನ್ ಎ ಸುಮಾರು 700 ಮೈಕ್ರೋಗ್ರಾಂ.

ನೋಡಿದಿರಲ್ಲ? ಕ್ಯಾಲೊರಿಯಲ್ಲಿ, ಪಿಷ್ಟದಲ್ಲಿ ಗೆಣಸೇ ಒಂದು ಕೈ ಮೇಲು! ಆಲೂಗಡ್ಡೆ ತೆಗೆದು ಗೆಣಸು ಹಾಕಿದ ಮಾತ್ರಕ್ಕೆ ತೂಕ ಇಳಿಯುವುದಿಲ್ಲ, ಸಕ್ಕರೆಯೂ ತಾನಾಗಿ ಇಳಿಯುವುದಿಲ್ಲ. ಗೆಣಸಿನ ನಿಜವಾದ ಹೆಚ್ಚುಗಾರಿಕೆ ಇರುವುದು ನಾರಿನಲ್ಲಿ ಸ್ವಲ್ಪ, ವಿಟಮಿನ್ ಎಯಲ್ಲಿ ಬಹಳ. ವಯಸ್ಕ ಗಂಡಸಿಗೆ ದಿನಕ್ಕೆ ಬೇಕಾದದ್ದು 900 ಮೈಕ್ರೋಗ್ರಾಂ. ಸುಮಾರು 125 ಗ್ರಾಂ ಕಿತ್ತಳೆ ಗೆಣಸು ಅದನ್ನು ಹೆಚ್ಚುಕಡಿಮೆ ಪೂರೈಸುತ್ತದೆ.

ಇಲ್ಲಿ 'ಕಿತ್ತಳೆ' ಎಂಬ ಮಾತು ಮುಖ್ಯ. ನಮ್ಮ ಊರಿನ ಕೆಂಪು ಸಿಪ್ಪೆಯ ಗೆಣಸಿನ ಒಳಗೆ ಸಾಮಾನ್ಯವಾಗಿ ಬಿಳಿ ತಿರುಳು. ರುಚಿಗೆ ಅದನ್ನು ಮೀರಿಸುವುದಿಲ್ಲ, ಒಪ್ಪಿದೆ. ಆದರೆ ವಿಟಮಿನ್ ಎ ಆಗಿ ಬದಲಾಗುವ ಬೀಟಾ ಕ್ಯಾರೊಟಿನ್ ಇರುವುದು ಕಿತ್ತಳೆ ಬಣ್ಣದಲ್ಲಿ. ಬಣ್ಣ ಗಾಢವಾದಷ್ಟೂ ಅದು ಹೆಚ್ಚು. ಆಫ್ರಿಕಾದ ಮಕ್ಕಳಲ್ಲಿ ವಿಟಮಿನ್ ಎ ಕೊರತೆ ನೀಗಿಸಲು ಕಿತ್ತಳೆ ಗೆಣಸನ್ನು ಬೆಳೆಸಿ ಹರಡಿದ ಮಾರಿಯಾ ಆಂಡ್ರಾಡೆ, ರಾಬರ್ಟ್ ಎಂವಾಂಗಾ, ಜಾನ್ ಲೋ ಅವರಿಗೆ 2016ರ ವಿಶ್ವ ಆಹಾರ ಪ್ರಶಸ್ತಿಯೇ ಸಿಕ್ಕಿತು. ನಮ್ಮ ದೇಶದಲ್ಲೂ ತಿರುವನಂತಪುರದ ಕೇಂದ್ರೀಯ ಗೆಡ್ಡೆ ಬೆಳೆಗಳ ಸಂಶೋಧನಾ ಸಂಸ್ಥೆ 'ಭೂ ಸೋನಾ' ಎಂಬ ಕಿತ್ತಳೆ ತಳಿಯನ್ನು ಹೊರತಂದಿದೆ. ಊರಿಗೆ ಹೋದಾಗ ಜಮೀನು ಇರುವ ಬಂಧುಗಳಿಗೆ ಈ ಹೆಸರನ್ನೊಮ್ಮೆ ಹೇಳಿನೋಡಿ.

ಬೀಟಾ ಕ್ಯಾರೊಟಿನ್ ಮೈಗೆ ಹತ್ತಬೇಕಾದರೆ ಜೊತೆಗೆ ಸ್ವಲ್ಪ ಕೊಬ್ಬು ಬೇಕು. ಹಾಗಾಗಿ ಎಣ್ಣೆಯೇ ಬೇಡ ಎನ್ನುವ ಪಥ್ಯವೂ ಸರಿಯಲ್ಲ. ಒಂದೆರಡು ಚಮಚ ಸಾಕು, ಬೆಣ್ಣೆಯ ಪಾಕೆಟ್ಟನ್ನೇ ಸುರಿಯಬೇಕಿಲ್ಲ.

ಇನ್ನು ಬೇಯಿಸುವ ಬಗೆ. ನನಗೆ ಅತ್ಯಂತ ಆಶ್ಚರ್ಯ ತಂದದ್ದು ಇದು. ತಿಂದ ಪಿಷ್ಟ ಎಷ್ಟು ಬೇಗ ರಕ್ತದ ಸಕ್ಕರೆಯನ್ನು ಏರಿಸುತ್ತದೆ ಎಂದು ಅಳೆಯಲು ಗ್ಲೈಸೆಮಿಕ್ ಇಂಡೆಕ್ಸ್ ಎಂಬ ಅಳತೆಗೋಲಿದೆ. ಶುದ್ಧ ಗ್ಲೂಕೋಸಿಗೆ 100. 55 ಅಥವಾ ಅದಕ್ಕಿಂತ ಕಡಿಮೆ ಇದ್ದರೆ ಒಳ್ಳೆಯದು, 70 ಮುಟ್ಟಿದರೆ ಎಚ್ಚರ. ಜಮೈಕಾದಲ್ಲಿ ಬೆಳೆಯುವ 10 ಬಗೆಯ ಗೆಣಸುಗಳ ಮೇಲೆ ನಡೆದು 2011ರಲ್ಲಿ ಪ್ರಕಟವಾದ ಅಧ್ಯಯನದಲ್ಲಿ ನೀರಿನಲ್ಲಿ ಬೇಯಿಸಿದ ಗೆಣಸಿಗೆ ಸಿಕ್ಕ ಅಂಕ 41ರಿಂದ 50. ಅದೇ ಗೆಣಸನ್ನು ಓವನ್ನಿನಲ್ಲಿ ಬೇಕ್ ಮಾಡಿದಾಗ 82ರಿಂದ 94! ಅದೇ ಗಡ್ಡೆ, ಅದೇ ಪಿಷ್ಟ, ಬೇರೆಯಾದದ್ದು ಬೇಯಿಸಿದ ರೀತಿ ಮಾತ್ರ. ಗೆಣಸಿನೊಳಗೆ ಪಿಷ್ಟವನ್ನು ಮಾಲ್ಟೋಸ್ ಎಂಬ ಸಕ್ಕರೆಯಾಗಿ ಒಡೆಯುವ ಕಿಣ್ವವೊಂದಿದೆ. ನಿಧಾನವಾಗಿ ಬಿಸಿಯೇರುವಾಗ ಅದಕ್ಕೆ ಕೆಲಸ ಮಾಡಲು ಬೇಕಾದಷ್ಟು ಸಮಯ ಸಿಗುತ್ತದೆ. ಕೆಂಡದಲ್ಲಿ ಸುಟ್ಟ ಗೆಣಸು ಜೇನಿನಂತೆ ಸಿಹಿಯಾಗುವುದು ಇದೇ ಕಾರಣಕ್ಕೆ.

ಅಂದಮೇಲೆ ನಮ್ಮ ಅಜ್ಜಿಯರು ಸಂಕ್ರಾಂತಿಗೆ ಮಾಡುತ್ತಿದ್ದ ಹಾಗೆ ನೀರಿನಲ್ಲಿ ಬೇಯಿಸುವುದೇ ಸರಿ. ಕ್ಯಾಸರೋಲಿನಲ್ಲಿ ಗೆಣಸನ್ನು ಮೊದಲು ಪೂರ್ತಿ ನೀರಿನಲ್ಲಿ ಬೇಯಿಸೋಣ. ಓವನ್ನಿನ ಕೆಲಸ ಕೊನೆಯ ಹದಿನೈದು ನಿಮಿಷ, ಮೇಲೆ ಬಣ್ಣ ಬರುವಷ್ಟಕ್ಕೆ ಮಾತ್ರ. ಹಾಗೆಯೇ ಗೆಣಸನ್ನು ಮಿಕ್ಸಿಗೆ ಹಾಕಿ ನುಣ್ಣಗೆ ಮಾಡಬೇಡಿ. ನುಣ್ಣಗಾದಷ್ಟೂ ಬೇಗ ಜೀರ್ಣವಾಗಿ ಸಕ್ಕರೆ ಬೇಗ ಏರುತ್ತದೆ. ಫೋರ್ಕಿನಿಂದ ತರಿತರಿಯಾಗಿ ಹಿಸುಕಿದರೆ ಸಾಕು.

ಎರಡನೇ ಪಾಠ: ಕೈಮ

ಬೆಂಗಳೂರಿನ ಮಿಲಿಟರಿ ಹೋಟೆಲುಗಳಲ್ಲಿ ಕೈಮ ಉಂಡೆ ಸಾರು ತಿಂದವರಿಗೆ ಕೈಮದ ಗುಣ ಹೇಳಬೇಕಿಲ್ಲ. ಅದರ ದೋಷ ಒಂದೇ: ಒಳಗೆ ಏನು ಸೇರಿದೆ ಎಂದು ಕಣ್ಣಿಗೆ ಕಾಣುವುದಿಲ್ಲ. ಮಾಂಸದ ತುಂಡಿನಲ್ಲಿ ಬಿಳಿ ಕೊಬ್ಬು ಕಾಣುತ್ತದೆ, ತೆಗೆದು ಬದಿಗಿಡಬಹುದು. ಕೈಮ ಆದಮೇಲೆ ಎಲ್ಲವೂ ಒಂದೇ ಬಣ್ಣ.

100 ಗ್ರಾಂ ಹಸಿ ಮಾಂಸದಲ್ಲಿ ಕೊಬ್ಬಿನ ಪ್ರಮಾಣ ಹೀಗಿದೆ:

ಪ್ಯಾಕೆಟ್ಟಿನಲ್ಲಿ ಬರುವ ಕುರಿ (ಲ್ಯಾಂಬ್) ಕೈಮ: ಸುಮಾರು 23 ಗ್ರಾಂ ಕೊಬ್ಬು, 282 ಕ್ಯಾಲೊರಿ.

20 ಶೇಕಡಾ ಕೊಬ್ಬಿನ ಬೀಫ್ ಕೈಮ: 20 ಗ್ರಾಂ ಕೊಬ್ಬು, 254 ಕ್ಯಾಲೊರಿ.

ಚರ್ಮ ತೆಗೆದ ಕೋಳಿಯ ಎದೆಭಾಗ: ಎರಡೂವರೆ ಗ್ರಾಂ ಕೊಬ್ಬು, 120 ಕ್ಯಾಲೊರಿ.

ಕೊಬ್ಬು ತೆಗೆದ ಮೇಕೆ ಮಾಂಸ: ಸುಮಾರು 2.3 ಗ್ರಾಂ ಕೊಬ್ಬು, 109 ಕ್ಯಾಲೊರಿ.

ಕುರಿ ಕೈಮಕ್ಕೂ ಮೇಕೆ ಕೈಮಕ್ಕೂ ಕೊಬ್ಬಿನಲ್ಲಿ ಹತ್ತು ಪಟ್ಟು ಅಂತರ! ನಾವು ಊರಿನಲ್ಲಿ ಎರಡನ್ನೂ 'ಮಟನ್' ಎಂದು ಒಂದೇ ಹೆಸರಿನಲ್ಲಿ ಕರೆಯುತ್ತೇವೆ. ಆದ್ದರಿಂದ ಅಂಗಡಿಯಲ್ಲಿ ಬೋರ್ಡಿನ ಮೇಲಿರುವ 'ಮಟನ್' ಪದ ನೋಡಿ ಸುಮ್ಮನಾಗಬೇಡಿ, ಯಾವ ಪ್ರಾಣಿ, ಯಾವ ಭಾಗ ಎಂದು ಕೇಳಿ.

ಕೆಂಪು ಮಾಂಸದ ವಿಷಯದಲ್ಲಿ ಇನ್ನೊಂದು ಮಾತು. ವಿಶ್ವ ಕ್ಯಾನ್ಸರ್ ಸಂಶೋಧನಾ ನಿಧಿಯ ಸಲಹೆಯಂತೆ ವಾರಕ್ಕೆ ಬೆಂದ ಲೆಕ್ಕದಲ್ಲಿ 350ರಿಂದ 500 ಗ್ರಾಂ ಮೀರದಿರುವುದು ಒಳಿತು. ಹಾಗಾಗಿ ಈ ಅಡುಗೆಯಲ್ಲಿ ಮಾಂಸದ ಒಂದು ಪಾಲನ್ನು ಮಸೂರ್ ಬೇಳೆಗೆ ಬಿಟ್ಟುಕೊಟ್ಟಿದ್ದೇನೆ. ಬೇಳೆ ಕೈಮದೊಳಗೆ ಸೇರಿಹೋಗುತ್ತದೆ, ತಿನ್ನುವವರಿಗೆ ಗೊತ್ತೇ ಆಗುವುದಿಲ್ಲ. ಮಾಂಸದಲ್ಲಿ ಒಂದಿಷ್ಟೂ ಇಲ್ಲದ ನಾರು ಬೇಳೆಯಿಂದ ಸಿಗುತ್ತದೆ.

ಮೂರನೇ ಪಾಠ: ಮೇಲಿನ ಅಲಂಕಾರ

ಸಾಮಾನ್ಯವಾಗಿ ಈ ಕ್ಯಾಸರೋಲಿಗೆ ಹೇಳುವ ಅಳತೆಯನ್ನು ಸ್ಪ್ರೆಡ್‌ಶೀಟಿನಲ್ಲಿ ಹಾಕಿದೆ. ಆರು ಜನಕ್ಕೆ ಒಂದು ಕಿಲೋ ಗೆಣಸು, ಮುಕ್ಕಾಲು ಕಿಲೋ ಕುರಿ ಕೈಮ, 100 ಗ್ರಾಂ ಬೆಣ್ಣೆ, 200 ಮಿಲಿ ಕ್ರೀಮು, 200 ಗ್ರಾಂ ಚೀಸ್, ಮೂರು ಚಮಚ ಕಂದು ಸಕ್ಕರೆ. ಕರಗಿದ ಕೊಬ್ಬನ್ನು ಬಸಿಯದೆ ಮಾಡಿದರೆ ಒಬ್ಬರ ಪಾಲಿಗೆ ಸುಮಾರು 890 ಕ್ಯಾಲೊರಿ, ಕೊಬ್ಬು 66 ಗ್ರಾಂ!

ಇದರಲ್ಲಿ ಗೆಣಸಿನ ಪಾಲು ಎಷ್ಟು ಗೊತ್ತೇ? ಬರೀ 143 ಕ್ಯಾಲೊರಿ. ಬೆಣ್ಣೆ, ಕ್ರೀಮು, ಚೀಸ್ ಈ ಮೂರೂ ಸೇರಿ 367. ಕೈಮ 352. ನಾವು 'ಹೆಲ್ದಿ' ಎಂದು ಹೆಸರಿಟ್ಟ ಗೆಣಸು ಇಲ್ಲಿ ನೆಪಕ್ಕೆ ಮಾತ್ರ. ನಮ್ಮ ಕಸುಬಿನಲ್ಲಿ ಪ್ರೋಗ್ರಾಂ ನಿಧಾನವಾದಾಗ ಮೊದಲು ಯಾವ ಭಾಗ ಹೆಚ್ಚು ಸಮಯ ತಿನ್ನುತ್ತಿದೆ ಎಂದು ಅಳೆಯುತ್ತೇವೆ. ಆಮೇಲಷ್ಟೇ ಕೈ ಹಾಕುತ್ತೇವೆ. ಅಡುಗೆಗೂ ಅದೇ ನಿಯಮ. ತಿದ್ದಬೇಕಾದದ್ದು ಗಡ್ಡೆಯನ್ನಲ್ಲ, ಕೈಮವನ್ನು ಮತ್ತು ಮೇಲಿನ ಅಲಂಕಾರವನ್ನು.

ಗೆಣಸು ಸ್ವತಃ ಸಿಹಿ, ಸಕ್ಕರೆಯ ಮಾತೇ ಬೇಡ. ಕ್ರೀಮಿನ ಬದಲು ಗಟ್ಟಿ ಮೊಸರು. ಚೀಸ್ 200 ಗ್ರಾಂ ಬದಲು 40 ಗ್ರಾಂ, ಅದನ್ನೂ ಒಳಗೆ ಬೆರೆಸದೆ ಮೇಲೆ ಮಾತ್ರ ಉದುರಿಸಿ. ನಾಲಿಗೆಗೆ ಮೊದಲು ತಾಗುವುದು ಅದೇ ಆದ್ದರಿಂದ ಕಡಿಮೆಯಾದದ್ದು ತಿಳಿಯುವುದಿಲ್ಲ. ಗಟ್ಟಿ ಮಾಡಲು ಮೈದಾ ಬೇಡ, ಕೈಮ ಉಂಡೆಗೆ ಹಾಕುವ ಹುರಿಗಡಲೆ ಪುಡಿಯೇ ಸಾಕು. ಉಪ್ಪು ಕಡಿಮೆ ಮಾಡಲು ಒಮಾನಿನದೇ ಒಂದು ಉಪಾಯವಿದೆ: ಲೂಮಿ, ಅಂದರೆ ಒಣಗಿಸಿದ ಕಪ್ಪು ನಿಂಬೆ. ಇರಾನಿನವರು ಇದನ್ನು ಒಮಾನಿ ನಿಂಬೆ ಎಂದೇ ಕರೆಯುತ್ತಾರೆ. ಹುಳಿ ಚೆನ್ನಾಗಿದ್ದರೆ ಉಪ್ಪು ಕಡಿಮೆಯಾದದ್ದು ಗೊತ್ತಾಗುವುದಿಲ್ಲ.

ಪೇಟೆಯಲ್ಲಿ

ಮಸ್ಕತ್ತಿನ ದೊಡ್ಡ ಹೈಪರ್ ಮಾರ್ಕೆಟ್‌ಗಳಲ್ಲಿ ಎರಡು ಮೂರು ದೇಶದ ಗೆಣಸು ಪಕ್ಕಪಕ್ಕದಲ್ಲೇ ಇರುತ್ತವೆ. ಸಿಪ್ಪೆಯ ಬಣ್ಣ ನಂಬಬೇಡಿ, ತುದಿಯನ್ನು ಉಗುರಿನಿಂದ ಸ್ವಲ್ಪ ಕೆರೆದರೆ ಒಳಗಿನ ಬಣ್ಣ ತಿಳಿಯುತ್ತದೆ. ಮಧ್ಯಮ ಗಾತ್ರದ, ಗಟ್ಟಿಯಾದವನ್ನು ಆರಿಸಿ. ಮನೆಯಲ್ಲಿ ಫ್ರಿಜ್‌ನಲ್ಲಿ ಇಡಬೇಡಿ, ತಂಪಿಗೆ ನಡುವಿನ ಭಾಗ ಗಟ್ಟಿಯಾಗಿ ರುಚಿ ಕೆಡುತ್ತದೆ.

ಮಾಂಸದ ಕೌಂಟರಿನಲ್ಲಿ ಸಿದ್ಧ ಕೈಮ ಕೊಳ್ಳದೆ ಮೇಕೆಯ ತೊಡೆಭಾಗ ತೋರಿಸಿ, ಎದುರಿನಲ್ಲೇ ಕೊಬ್ಬು ತೆಗೆಸಿ, ಒಮ್ಮೆ ಮಾತ್ರ ಮಷೀನಿಗೆ ಹಾಕಿಸಿ. ಕೌಂಟರಿನವರು ಅರಬಿ ಮಾತಾಡುವವರಾದರೆ 'ಮಫ್ರೂಮ್, ಬಿದೂನ್ ಶಹಮ್' ಎನ್ನಿ. ಪುಡಿ ಮಾಡಿದ್ದು, ಕೊಬ್ಬಿಲ್ಲದೆ ಎಂದರ್ಥ. ಹಿಂದಿ ಬಲ್ಲವರಾದರೆ 'ಚರ್ಬಿ ನಿಕಾಲ್ ದೋ' ಸಾಕು. ಕೈಮವನ್ನು ಖರೀದಿಯ ಕೊನೆಯಲ್ಲಿ ತೆಗೆದುಕೊಳ್ಳಿ. ನಮ್ಮ ಬೇಸಿಗೆಯಲ್ಲಿ ಕಾರಿನ ಡಿಕ್ಕಿ ಓವನ್ನಿಗೆ ಸಮ! ಐಸ್ ಬಾಕ್ಸ್ ಒಯ್ಯುವುದು ಒಳ್ಳೆಯದು. ಫ್ರಿಜ್‌ನಲ್ಲಿ ಹಸಿ ಕೈಮ ಒಂದೆರಡು ದಿನಕ್ಕಿಂತ ಹೆಚ್ಚು ಇಡಬಾರದು.

ಬೇಕಾಗುವ ಸಾಮಗ್ರಿ (ಆರು ಜನಕ್ಕೆ)

ಮೇಲಿನ ಪದರಕ್ಕೆ:
- ಕಿತ್ತಳೆ ಗೆಣಸು: ಸಿಪ್ಪೆ ಸಹಿತ 850 ಗ್ರಾಂ (ಸಿಪ್ಪೆ ತೆಗೆದ ಮೇಲೆ ಸುಮಾರು 750 ಗ್ರಾಂ)
- ಕಡಿಮೆ ಕೊಬ್ಬಿನ ಗಟ್ಟಿ ಮೊಸರು: 100 ಗ್ರಾಂ
- ಎಣ್ಣೆ: ಅರ್ಧ ದೊಡ್ಡ ಚಮಚ
- ಕಾಳುಮೆಣಸಿನ ಪುಡಿ: ಅರ್ಧ ಟೀ ಚಮಚ
- ತುರಿದ ಚೀಸ್: 40 ಗ್ರಾಂ

ಕೆಳಗಿನ ಪದರಕ್ಕೆ:
- ಕೊಬ್ಬು ತೆಗೆದ ಮೇಕೆ ಕೈಮ: 500 ಗ್ರಾಂ
- ಮಸೂರ್ ಬೇಳೆ: 100 ಗ್ರಾಂ
- ಎಣ್ಣೆ: ಒಂದೂವರೆ ದೊಡ್ಡ ಚಮಚ
- ಈರುಳ್ಳಿ: 2, ಟೊಮೇಟೊ: 3
- ಸಣ್ಣಗೆ ಹೆಚ್ಚಿದ ಕ್ಯಾರೆಟ್ ಮತ್ತು ಬೀನ್ಸ್: ಒಟ್ಟು 200 ಗ್ರಾಂ
- ಪಾಲಕ್: ಒಂದು ಕಟ್ಟು (ಸುಮಾರು 150 ಗ್ರಾಂ)
- ಸಬ್ಬಸಿಗೆ ಸೊಪ್ಪು: ಒಂದು ಹಿಡಿ
- ಶುಂಠಿ ಬೆಳ್ಳುಳ್ಳಿ ಪೇಸ್ಟ್: ಒಂದು ದೊಡ್ಡ ಚಮಚ
- ಹುರಿಗಡಲೆ ಪುಡಿ: ಎರಡು ದೊಡ್ಡ ಚಮಚ
- ಲೂಮಿ: 1 (ಬೀಜ ತೆಗೆದು ಪುಡಿ ಮಾಡಿದ್ದು), ಇಲ್ಲದಿದ್ದರೆ ಅರ್ಧ ನಿಂಬೆಯ ರಸ
- ಜೀರಿಗೆ, ಒಂದು ತುಂಡು ಚಕ್ಕೆ, ಅರಿಶಿನ, ಒಂದು ಟೀ ಚಮಚ ಖಾರದ ಪುಡಿ, ಎರಡು ಟೀ ಚಮಚ ಧನಿಯಾ ಪುಡಿ
- ಉಪ್ಪು: ಎರಡೂ ಪದರಕ್ಕೆ ಸೇರಿ ಒಂದು ಟೀ ಚಮಚ

ಮಾಡುವ ವಿಧಾನ

1. ಗೆಣಸನ್ನು ಚೆನ್ನಾಗಿ ತೊಳೆದು, ಸಿಪ್ಪೆ ತೆಗೆಯದೆ ಎರಡು ಹೋಳು ಮಾಡಿ, ಕುದಿಯುವ ನೀರಿಗೆ ಹಾಕಿ 20ರಿಂದ 25 ನಿಮಿಷ ಬೇಯಿಸಿ. ಚಾಕು ಸಲೀಸಾಗಿ ಇಳಿಯಬೇಕು, ಆದರೆ ಗೆಣಸು ಕರಗಿರಬಾರದು. ನೀರು ಬಸಿದು, ಆರಿದ ಮೇಲೆ ಸಿಪ್ಪೆ ಸುಲಿದು, ಫೋರ್ಕಿನಿಂದ ತರಿತರಿಯಾಗಿ ಹಿಸುಕಿ. ಮೊಸರು, ಎಣ್ಣೆ, ಕಾಳುಮೆಣಸು, ಚಿಟಿಕೆ ಉಪ್ಪು ಬೆರೆಸಿ.

2. ಮಸೂರ್ ಬೇಳೆಯನ್ನು 20 ನಿಮಿಷ ನೆನೆಸಿ, ತೆರೆದ ಪಾತ್ರೆಯಲ್ಲಿ ಬೇಯಿಸಿ. ಬೇಳೆ ಬೆಂದಿರಬೇಕು, ಕಲಸಿಹೋಗಿರಬಾರದು. ಕುಕ್ಕರಿಗೆ ಹಾಕಿದರೆ ಸಾರಾಗುತ್ತದೆ! ನೀರು ಬಸಿದಿಡಿ.

3. ಅಗಲವಾದ ಬಾಣಲೆಯಲ್ಲಿ ಎಣ್ಣೆ ಕಾಯಿಸಿ ಜೀರಿಗೆ, ಚಕ್ಕೆ ಹಾಕಿ. ಈರುಳ್ಳಿ ಕಂದು ಬಣ್ಣಕ್ಕೆ ಬಂದ ಮೇಲೆ ಶುಂಠಿ ಬೆಳ್ಳುಳ್ಳಿ ಪೇಸ್ಟ್, ನಂತರ ಕೈಮ ಹಾಕಿ. ಉರಿ ಜೋರಿರಲಿ. ಕೈಮ ಮೊದಲು ನೀರು ಬಿಡುತ್ತದೆ, ಆ ನೀರು ಪೂರ್ತಿ ಇಂಗಿ ಮಾಂಸ ಸ್ವಲ್ಪ ಕೆಂಪಗಾಗುವವರೆಗೆ ಕೈಯಾಡಿಸಿ. ರುಚಿ ಹುಟ್ಟುವುದು ಇಲ್ಲೇ, ಅವಸರ ಮಾಡಬೇಡಿ. ಕುರಿ ಅಥವಾ ಬೀಫ್ ಕೈಮವಾದರೆ ಮೊದಲು ಬರಿ ಬಾಣಲೆಯಲ್ಲಿ ಎಣ್ಣೆಯಿಲ್ಲದೆ ಹುರಿದು, ಓರೆ ಮಾಡಿ, ಬಿಟ್ಟ ಕೊಬ್ಬನ್ನು ಚಮಚದಲ್ಲಿ ತೆಗೆದು ಹಾಕಿ.

4. ಅರಿಶಿನ, ಖಾರ, ಧನಿಯಾ, ಲೂಮಿ ಪುಡಿ, ಉಪ್ಪು, ಟೊಮೇಟೊ ಸೇರಿಸಿ. ಟೊಮೇಟೊ ಕರಗಿದ ಮೇಲೆ ಅರ್ಧ ಲೋಟ ಬಿಸಿನೀರು ಹಾಕಿ ಮುಚ್ಚಿ, ಸಣ್ಣ ಉರಿಯಲ್ಲಿ 20 ನಿಮಿಷ ಬೇಯಿಸಿ. ಕೊನೆಯ ಎಂಟು ನಿಮಿಷವಿರುವಾಗ ಕ್ಯಾರೆಟ್, ಬೀನ್ಸ್ ಹಾಕಿ.

5. ಬೇಳೆ, ಪಾಲಕ್, ಸಬ್ಬಸಿಗೆ ಬೆರೆಸಿ. ಹುರಿಗಡಲೆ ಪುಡಿ ಉದುರಿಸಿ ಎರಡು ನಿಮಿಷ ಕೈಯಾಡಿಸಿ. ಪಲ್ಯದಷ್ಟು ಗಟ್ಟಿಯಾಗಿರಬೇಕು. ನೀರಾಗಿದ್ದರೆ ಮೇಲಿನ ಪದರ ಮುಳುಗುತ್ತದೆ. ಚಕ್ಕೆಯನ್ನು ಹುಡುಕಿ ತೆಗೆದುಬಿಡಿ.

6. ಓವನ್ ಪಾತ್ರೆಗೆ ಕೈಮ ಹರಡಿ, ಮೇಲೆ ಗೆಣಸು ಹರಡಿ, ಫೋರ್ಕಿನಿಂದ ಗೆರೆ ಎಳೆದು ಚೀಸ್ ಉದುರಿಸಿ. ಮೊದಲೇ 200 ಡಿಗ್ರಿ ಸೆಲ್ಸಿಯಸ್‌ಗೆ ಕಾದಿರುವ ಓವನ್ನಿನಲ್ಲಿ 15 ನಿಮಿಷ ಇಡಿ. ಅಂಚಿನಲ್ಲಿ ಗುಳ್ಳೆ ಬಂದು, ಗೆರೆಗಳ ತುದಿ ಕೆಂಪಾದರೆ ಆಯಿತು. ಹತ್ತು ನಿಮಿಷ ಆರಲು ಬಿಟ್ಟು ಕತ್ತರಿಸಿದರೆ ಚೌಕವಾಗಿ ಏಳುತ್ತದೆ.

ಓವನ್ ಇಲ್ಲದ ಬ್ಯಾಚುಲರ್ ಮಿತ್ರರು ನಿರಾಶರಾಗಬೇಕಿಲ್ಲ. ದಪ್ಪ ತಳದ ನಾನ್‌ಸ್ಟಿಕ್ ಪಾತ್ರೆಯಲ್ಲಿ ಇದೇ ರೀತಿ ಪದರ ಮಾಡಿ, ಮುಚ್ಚಿ, ಸಣ್ಣ ಉರಿಯಲ್ಲಿ 10 ನಿಮಿಷ ಇಡಿ. ಮೇಲೆ ಕೆಂಪು ಬಣ್ಣ ಬರುವುದಿಲ್ಲ, ರುಚಿಗೆ ಕೊರತೆಯಿಲ್ಲ.

ಈಗ ಲೆಕ್ಕ ನೋಡೋಣ

ಹೊಸ ವಿಧಾನದಲ್ಲಿ ಒಬ್ಬರ ಪಾಲಿಗೆ ಸುಮಾರು 385 ಕ್ಯಾಲೊರಿ, ಕೊಬ್ಬು 9 ಗ್ರಾಂ, ಪ್ರೋಟೀನ್ 28 ಗ್ರಾಂ, ನಾರು 8 ಗ್ರಾಂಗಿಂತ ಹೆಚ್ಚು. ಹಳೆಯದರ ಅರ್ಧಕ್ಕಿಂತ ಕಡಿಮೆ ಕ್ಯಾಲೊರಿ, ಏಳನೇ ಒಂದು ಪಾಲು ಕೊಬ್ಬು!

ಆದರೆ ಪಿಷ್ಟ? ಹಳೆಯದರಲ್ಲಿ ಒಬ್ಬರಿಗೆ ಸುಮಾರು 41 ಗ್ರಾಂ ಇದ್ದದ್ದು ಇದರಲ್ಲಿ 47 ಗ್ರಾಂ. ಬೇಳೆ, ತರಕಾರಿ ಸೇರಿದ್ದರಿಂದ ಕಡಿಮೆಯಾಗುವ ಬದಲು ಸ್ವಲ್ಪ ಹೆಚ್ಚಾಗಿದೆ. ನಾರು, ಪ್ರೋಟೀನ್ ಜೊತೆಗಿರುವುದರಿಂದ ಅದು ರಕ್ತಕ್ಕೆ ನಿಧಾನವಾಗಿ ಇಳಿಯುತ್ತದೆ ಎನ್ನುವುದು ನಿಜ. ಹಾಗೆಂದು ಪಿಷ್ಟ ಮಾಯವಾಗಿಲ್ಲ. ಈ ಲೇಖನದಲ್ಲಿ ಒಂದೇ ಒಂದು ಮಾತನ್ನು ನೆನಪಿಡುವುದಾದರೆ ಇದನ್ನು ನೆನಪಿಡಿ: ಈ ಅಡುಗೆಯಲ್ಲಿ ಗೆಣಸು ತರಕಾರಿಯಲ್ಲ, ಗೆಣಸೇ ಅನ್ನ. ಇದರ ಪಕ್ಕ ಅನ್ನ, ಚಪಾತಿ, ಖುಬೂಸ್ ಯಾವುದೂ ಬೇಡ. ಕ್ಯಾಸರೋಲನ್ನು ಪಲ್ಯದ ಹಾಗೆ ಬಡಿಸಿಕೊಂಡು ಎರಡು ಚಪಾತಿ ತಿಂದರೆ ಇಷ್ಟು ಹೊತ್ತು ಮಾಡಿದ ಲೆಕ್ಕವೆಲ್ಲ ನೀರಿನಲ್ಲಿ ಹೋಮ. ಪಕ್ಕಕ್ಕೆ ಸೌತೆಕಾಯಿ, ಮೂಲಂಗಿ, ಕೋಸಂಬರಿ ಇರಲಿ. ಕುಡಿಯಲು ಮಜ್ಜಿಗೆ ಅಥವಾ ಇಲ್ಲಿಯ ಲಬನ್.

ನಾನು ಮನೆಯ ಗ್ಲೂಕೋಮೀಟರಿನಲ್ಲಿ ಊಟವಾಗಿ ಎರಡು ಗಂಟೆಗೆ ನೋಡಿಕೊಂಡಿದ್ದೇನೆ. ಅನ್ನ ಸಾರು ಹೊಟ್ಟೆ ತುಂಬ ಉಂಡ ದಿನಕ್ಕಿಂತ ಕ್ಯಾಸರೋಲಿನ ಒಂದು ಪಾಲು ಮತ್ತು ಕೋಸಂಬರಿ ತಿಂದ ದಿನ ಸಕ್ಕರೆ ಕಡಿಮೆಯೇ ಏರುತ್ತದೆ. ಆದರೆ ಒಬ್ಬರ ಮೈ ಇನ್ನೊಬ್ಬರದರಂತಲ್ಲ. ನಿಮ್ಮ ಮನೆಯಲ್ಲೂ ಮೀಟರ್ ಇದ್ದರೆ ನೀವೇ ಪರೀಕ್ಷಿಸಿ, ಬರೆದಿಡಿ, ಮುಂದಿನ ಭೇಟಿಯಲ್ಲಿ ಡಾಕ್ಟರಿಗೆ ತೋರಿಸಿ. ಫೋನಿನಲ್ಲಿ ಅಪ್ಪನಿಗೆ ಇದೆಲ್ಲ ವಿವರಿಸಿದಾಗ ಅವರು, "ಏನಪ್ಪಾ, ಅಲ್ಲಿ ಗೆಣಸು ತಿನ್ನೋಕೂ ಕಂಪ್ಯೂಟರ್ ಬೇಕಾ?" ಎಂದು ನಕ್ಕರು. ಆಮೇಲೆ ಮೆಲ್ಲಗೆ, "ಬೇಯಿಸಿದ್ದು ಒಳ್ಳೇದು, ಸುಟ್ಟಿದ್ದು ಬೇಡ ಅಂದೆ ಅಲ್ವಾ?" ಎಂದು ಇನ್ನೊಮ್ಮೆ ಕೇಳಿ ಖಾತ್ರಿ ಮಾಡಿಕೊಂಡರು.

ಸಸ್ಯಾಹಾರಿಗಳಿಗೆ, ಮಕ್ಕಳಿಗೆ

ಮಾಂಸ ತಿನ್ನದವರು ಕೈಮದ ಬದಲು 150 ಗ್ರಾಂ ಸೋಯಾ ಗ್ರ್ಯಾನ್ಯುಲ್ಸ್ ಬಳಸಬಹುದು. ಬಿಸಿನೀರಿನಲ್ಲಿ ಹತ್ತು ನಿಮಿಷ ನೆನೆಸಿ, ಹಿಂಡಿ, ಇದೇ ಮಸಾಲೆಯಲ್ಲಿ ಹುರಿಯಿರಿ. 100 ಗ್ರಾಂ ಒಣ ಸೋಯಾದಲ್ಲಿ ಸುಮಾರು 50 ಗ್ರಾಂ ಪ್ರೋಟೀನ್ ಇದೆ, ಹಾಗಾಗಿ ಮಾಂಸದ ಕೊರತೆ ಕಾಣುವುದಿಲ್ಲ. ಸೋಯಾ ವಾಸನೆ ಹಿಡಿಸದವರು ಅಣಬೆ ಮತ್ತು ಇನ್ನೊಂದು ಹಿಡಿ ಮಸೂರ್ ಬೇಳೆ ಹಾಕಿಕೊಳ್ಳಿ. ಕೋಳಿ ಕೈಮವಾದರೆ ಬೇಯಲು 10-12 ನಿಮಿಷ ಸಾಕು, ಆದರೆ ಒಳಗೆ ಗುಲಾಬಿ ಬಣ್ಣ ಉಳಿಯಬಾರದು. ಅಡುಗೆ ಥರ್ಮಾಮೀಟರ್ ಇರುವವರಿಗೆ: ಕೋಳಿಗೆ 74 ಡಿಗ್ರಿ, ಬೇರೆ ಕೈಮಕ್ಕೆ 71 ಡಿಗ್ರಿ ಸೆಲ್ಸಿಯಸ್ ಮುಟ್ಟಬೇಕು.

ಮಕ್ಕಳಿಗೆ ಖಾರ ಅರ್ಧ ಮಾಡಿ. ಪಾಲಕ್ ಕಂಡರೆ ಮುಖ ತಿರುಗಿಸುವವರಿಗಾಗಿ ಅದನ್ನು ಬಹಳ ಸಣ್ಣಗೆ ಹೆಚ್ಚಿ. ಮೇಲಿನ ಪದರದ ಗೆರೆಗಳನ್ನು ಮಕ್ಕಳ ಕೈಯಲ್ಲೇ ಎಳೆಸಿದರೆ, ತಾನು ಮಾಡಿದ್ದೆಂದು ಇನ್ನೊಂದು ತುಂಡು ಕೇಳುತ್ತಾರೆ. ಗುರುವಾರ ಸಂಜೆ ಮಾಡಿಟ್ಟರೆ ಶುಕ್ರವಾರದ ಮಧ್ಯಾಹ್ನಕ್ಕೂ ಆಗುತ್ತದೆ. ಉಳಿದದ್ದನ್ನು ಎರಡು ಗಂಟೆಯೊಳಗೆ ಫ್ರಿಜ್‌ಗೆ ಸೇರಿಸಿ, ಬೀಚಿಗೋ ವಾದಿಗೋ ಪಿಕ್ನಿಕ್ ಒಯ್ದಿದ್ದರೆ ಬಿಸಿಲಿನಲ್ಲಿ ಒಂದೇ ಗಂಟೆ. ಮತ್ತೆ ತಿನ್ನುವಾಗ ಹೊಗೆಯಾಡುವಷ್ಟು ಬಿಸಿ ಮಾಡಿ.

ಕೊನೆಗೆ ಎರಡು ಎಚ್ಚರಿಕೆ

ಒಂದು, ಗೆಣಸಿನಲ್ಲಿ, ಪಾಲಕ್‌ನಲ್ಲಿ, ಬೇಳೆಯಲ್ಲಿ ಪೊಟ್ಯಾಸಿಯಂ ಹೆಚ್ಚು. ಸಕ್ಕರೆ ಕಾಯಿಲೆಯ ಜೊತೆಗೆ ಮೂತ್ರಪಿಂಡದ ತೊಂದರೆ ಇರುವ ಹಿರಿಯರು ಮನೆಯಲ್ಲಿದ್ದರೆ ವೈದ್ಯರನ್ನು ಕೇಳದೆ ಬಡಿಸಬೇಡಿ. ಇನ್ನೊಂದು, ಊಟ ಬದಲಾಯಿತೆಂದು ಮಾತ್ರೆಯನ್ನೋ ಇನ್ಸುಲಿನ್ನನ್ನೋ ನೀವಾಗಿಯೇ ಕಡಿಮೆ ಮಾಡಬೇಡಿ. ಆ ತೀರ್ಮಾನ ಡಾಕ್ಟರದು.

ಇದೇ ಮೂರು ಪ್ರಶ್ನೆಗಳನ್ನು ನಿಮ್ಮ ಮನೆಯ ಬೇರೆ ಅಡುಗೆಗಳಿಗೂ ಕೇಳಬಹುದು. ಪಿಷ್ಟ ಯಾವುದು, ಹೇಗೆ ಬೆಂದಿದೆ? ಕೊಬ್ಬು ಎಲ್ಲಿ ಅಡಗಿದೆ? ಪಕ್ಕದಲ್ಲಿ ಇನ್ನೇನು ಬಡಿಸಿದ್ದೀರಿ? ಬಿರಿಯಾನಿಗೂ, ಬಿಸಿಬೇಳೆಬಾತಿಗೂ ಇವು ಅನ್ವಯಿಸುತ್ತವೆ. ಈ ವಾರಾಂತ್ಯ ಒಮ್ಮೆ ಗೆಣಸಿನಿಂದ ಶುರು ಮಾಡಿ. ಹೇಗಾಯಿತು, ಏನು ಬದಲಾಯಿಸಿದಿರಿ ಎಂದು ಬರೆದು ತಿಳಿಸಿ. ನಿಮ್ಮ ಮನೆಯ ಹೊಸ ಉಪಾಯಗಳನ್ನು ಮುಂದಿನ ಸಂಚಿಕೆಯಲ್ಲಿ ಎಲ್ಲರೊಂದಿಗೆ ಹಂಚಿಕೊಳ್ಳೋಣ.

ಎಲ್ಲರಿಗೂ ಒಳ್ಳೆಯ ಹಸಿವೆ, ಒಳ್ಳೆಯ ಆರೋಗ್ಯ ಇರಲಿ.

ನಿಮ್ಮವನೇ ಆದ,
ಮಸ್ಕತ್ತಿನ ಕನ್ನಡಿಗ